ಮೀನು ಕೆಡದಂತೆ ಇಡಬೇಕೆಂದರೆ ಕಾಲವನ್ನು ಚುರುಕು ಮಾಡಿ

ಕಾಲದ ವೇಗ ಬದಲಿಸುವ ಪೆಟ್ಟಿಗೆಯೊಂದು ಕಾರವಾರದ ಬೈತಖೋಲ ಬಂದರಿಗೆ ಬಂತು ಅಂತ ಒಂದು ವಿಜ್ಞಾನ ಕಥೆಯಲ್ಲಿ ಇಟ್ಟುಕೊಳ್ಳಿ. ಮೊದಲು ಕೊಳ್ಳುವವರು ಮೀನಿನವರೇ. ಕರಾವಳಿಯ ಸೆಕೆಯಲ್ಲಿ ಒಂದು ಕೆಜಿ ಬಂಗಡೆಗೆ ಹೆಚ್ಚುಕಡಿಮೆ ಒಂದು ಕೆಜಿ ಐಸ್ ಬೇಕು, ಅದೂ ಕರಗುತ್ತಲೇ ಇರುತ್ತದೆ. ಹಾಗಾಗಿ ಇಂಥ ಕಥೆ ಬರೆಯಲು ಕೂತವರಿಗೆ ಥಟ್ಟನೆ ಹೊಳೆಯುವುದು ಒಂದೇ: ಒಳಗೆ ಕಾಲ ನಿಧಾನವಾಗಲಿ, ಹೊರಗೆ ಹತ್ತು ದಿನ ಕಳೆದರೂ ಮೀನಿಗೆ ಒಂದೇ ದಿನ. ಹಾಗೆ ಮಾಡಿದರೆ ಬಂಗಡೆ ಬೂದಿಯಾಗುತ್ತದೆ. ಪೆಟ್ಟಿಗೆ ಕಲ್ಪನೆಯದು, ಆದರೆ ಅದನ್ನು ಕಟ್ಟಿಹಾಕುವ ಭೌತಶಾಸ್ತ್ರ ನಿಜವಾದದ್ದು.

ಐನ್‌ಸ್ಟೈನರ ಸಾಪೇಕ್ಷತಾ ಸಿದ್ಧಾಂತದ ಪ್ರಕಾರ ತಗ್ಗಿನಲ್ಲಿ ಕಾಲ ನಿಧಾನ, ಎತ್ತರದಲ್ಲಿ ಚುರುಕು. ಶಿರಸಿ ಸಮುದ್ರಮಟ್ಟದಿಂದ ಸುಮಾರು 590 ಮೀಟರ್ ಮೇಲಿದೆ. ಅಲ್ಲಿನ ಗಡಿಯಾರ ಕಾರವಾರದ ಕಡಲತೀರದ ಗಡಿಯಾರಕ್ಕಿಂತ ದಿನಕ್ಕೆ ಐದೂವರೆ ನ್ಯಾನೊಸೆಕೆಂಡಿನಷ್ಟು (ನ್ಯಾನೊಸೆಕೆಂಡ್ ಅಂದರೆ ಸೆಕೆಂಡಿನ ನೂರು ಕೋಟಿಯಲ್ಲೊಂದು ಭಾಗ) ಮುಂದೆ ಹೋಗುತ್ತದೆ. 1930ರಲ್ಲಿ ಅಮೆರಿಕದ ವಿಜ್ಞಾನಿ ರಿಚರ್ಡ್ ಟೋಲ್ಮನ್ ಇದಕ್ಕೆ ಶಾಖದ ಲೆಕ್ಕ ಸೇರಿಸಿದರು: ಶಾಖ ಹರಿಯುವುದು ನಿಂತು ಸಮತೋಲಕ್ಕೆ ಬಂದಾಗ, ಕಾಲ ನಿಧಾನವಿರುವ ಜಾಗವೇ ಹೆಚ್ಚು ಬಿಸಿ. ಕೆಲ್ವಿನ್‌ನಲ್ಲಿ (ಅಂದರೆ ಸೆಲ್ಸಿಯಸ್‌ಗೆ 273 ಕೂಡಿಸಿ) ಅಳೆದ ತಾಪವನ್ನು ಅಲ್ಲಿನ ಗಡಿಯಾರದ ವೇಗದಿಂದ ಗುಣಿಸಿದರೆ ಎಲ್ಲೆಡೆಯೂ ಒಂದೇ ಸಂಖ್ಯೆ ಬರುತ್ತದೆ. ಹೊರಗೆ 30 ಡಿಗ್ರಿ ಅಂದರೆ 303 ಕೆಲ್ವಿನ್. ಒಳಗೆ ಕಾಲ ಹತ್ತು ಪಟ್ಟು ನಿಧಾನವಾದರೆ ಅಲ್ಲಿ 3,030 ಕೆಲ್ವಿನ್. ಬರೀ ಹತ್ತು ಶೇಕಡಾ ವ್ಯತ್ಯಾಸ ಮಾಡಿದರೂ 60 ಡಿಗ್ರಿ ದಾಟುತ್ತದೆ, ಮೀನು ಬೇಯಲು ಅಷ್ಟು ಸಾಕು. (ಶಿರಸಿಯ ತಂಪಿಗೆ ಇದು ಕಾರಣವಲ್ಲ. ಅಷ್ಟು ಸಣ್ಣ ವ್ಯತ್ಯಾಸ ಯಾವ ಥರ್ಮಾಮೀಟರಿಗೂ ಸಿಗದು.)

ಅದೇ ನಿಯಮವನ್ನು ತಿರುಗಿಸಿ. ಒಳಗಿನ ಕಾಲವನ್ನು 11 ಶೇಕಡಾ ಚುರುಕು ಮಾಡಿದರೆ 303 ಭಾಗಿಸು 1.11, ಅಂದರೆ 273 ಕೆಲ್ವಿನ್, ಐಸಿನ ತಾಪ. ಹೊರಗಿನ ಹತ್ತು ದಿನ ಒಳಗೆ ಹನ್ನೊಂದು ದಿನಕ್ಕಿಂತ ತುಸು ಹೆಚ್ಚು. ಮೀನಿಗೆ ಒಂದು ದಿನ ಹೆಚ್ಚು ವಯಸ್ಸಾಯಿತು, ನಿಜ. ಆದರೆ ಸೊನ್ನೆ ಡಿಗ್ರಿಯಿಂದ ಸಿಗುವ ಲಾಭದ ಮುಂದೆ ಆ ಒಂದು ದಿನ ಲೆಕ್ಕಕ್ಕಿಲ್ಲ.

ಇನ್ನು ಕಷ್ಟದ ಭಾಗ. ಕಾಲ ಚುರುಕಾಗಿರುವ ಜಾಗಕ್ಕೆ ವಸ್ತುವನ್ನು ಒಯ್ಯುವುದೆಂದರೆ ಎತ್ತರಕ್ಕೆ ಏರಿಸಿದಂತೆ, ಶಕ್ತಿ ತೆರಬೇಕು. ಎಷ್ಟು? ಆ ವಸ್ತುವಿನ ಎಂಸಿ ಸ್ಕ್ವೇರ್‌ನ, ಅಂದರೆ ಅದರ ದ್ರವ್ಯದಲ್ಲೇ ಅಡಗಿರುವ ಒಟ್ಟು ಶಕ್ತಿಯ, 11 ಶೇಕಡಾ. ಕೈಗಾ ಅಣುಸ್ಥಾವರದ 220 ಮೆಗಾವ್ಯಾಟಿನ ನಾಲ್ಕೂ ಘಟಕಗಳನ್ನು ಪೂರ್ತಿ ಓಡಿಸಿದರೂ ಒಂದು ಕೆಜಿ ಬಂಗಡೆ ಒಳಗಿಡಲು ಸುಮಾರು 130 ದಿನದ ವಿದ್ಯುತ್ ಬೇಕು. ಹೊರತೆಗೆದಾಗ ಅದಷ್ಟೂ ವಾಪಸ್ ಬರುತ್ತದೆ, ಆದರೆ ಒಮ್ಮೆಲೇ.

ಆದ್ದರಿಂದ ಪೆಟ್ಟಿಗೆಗೆ ಎರಡು ಕಿಂಡಿ ಬೇಕು. ಒಂದರಲ್ಲಿ ಮೀನಿನ ಡಬ್ಬಿ ಒಳಹೋಗುವಾಗಲೇ ಇನ್ನೊಂದರಲ್ಲಿ ಸಮತೂಕದ ಸಮುದ್ರದ ನೀರಿನ ಡಬ್ಬಿ ಹೊರಬರಬೇಕು, ಲಿಫ್ಟಿಗೆ ಎದುರುತೂಕ ಇದ್ದಂತೆ. ತೂಕ ಒಂದು ಗ್ರಾಂ ತಪ್ಪಿದರೆ 27 ಲಕ್ಷ ಯೂನಿಟ್ ವಿದ್ಯುತ್ತಿನಷ್ಟು ವ್ಯತ್ಯಾಸ. ಡಬ್ಬಿಗೆ ಅಂಟಿದ ಒಂದು ಹನಿ ನೀರು 50 ಮಿಲಿಗ್ರಾಂ ಇದ್ದರೂ ಒಂದು ಲಕ್ಷ ಯೂನಿಟ್ ಮೀರುತ್ತದೆ. ಹೊರಬರುವ ಡಬ್ಬಿ ಒಂದೇ ಒಂದು ಮಿಲಿಗ್ರಾಂ ಹೆಚ್ಚು ತೂಗಿದರೂ ಎರಡು ಟನ್ನಿಗಿಂತ ಹೆಚ್ಚು ಟಿಎನ್‌ಟಿ ಸಿಡಿದಷ್ಟು ಶಕ್ತಿ ಬಂದರಿನ ಮೇಲೆ ಸುರಿಯುತ್ತದೆ. ಒಳಹೋಗುವ ಡಬ್ಬಿ ಭಾರವಾಗಿದ್ದರೆ ಅಪಾಯವಿಲ್ಲ, ಕಿಂಡಿ ಸಿಕ್ಕಿಕೊಂಡು ನಿಲ್ಲುತ್ತದೆ. ಹಾಗಾಗಿ ಮೀನಿನ ಕಡೆಯೇ ಕೆಲವು ಮೈಕ್ರೊಗ್ರಾಂ ಹೆಚ್ಚಿರಲಿ. ಅದನ್ನು ಒಳಕ್ಕೆ ತಳ್ಳಲು ಮೈಕ್ರೊಗ್ರಾಮಿಗೆ 2.7 ಯೂನಿಟ್ ಕರೆಂಟು, ಅದು ಕಟ್ಟಬಹುದಾದ ಬಿಲ್ಲು. ಕಥೆಯಲ್ಲಿ ನುರಿತ ಕೆಲಸಗಾರ ಯಾರು ಎಂಬುದೂ ಇಲ್ಲೇ ಗೊತ್ತಾಗುತ್ತದೆ: ಉಪ್ಪುನೀರು ತುಂಬಿದ ಸಿರಿಂಜು ಹಿಡಿದು ತೂಕ ಹೊಂದಿಸುವವಳು.

ಕಿಂಡಿ ದಾಟುವಾಗ ಮೀನು ನುಜ್ಜುಗುಜ್ಜಾಗುವುದಿಲ್ಲ, ಪ್ರತಿ ಕಣಕ್ಕೂ ಸಮನಾದ ತಳ್ಳು ಸಿಗುತ್ತದೆ ಎಂಬುದೊಂದನ್ನು ಮಾತ್ರ ಓದುಗರು ಪ್ರಶ್ನಿಸದೆ ಒಪ್ಪಬೇಕು. ಪೆಟ್ಟಿಗೆಯನ್ನು ಒಪ್ಪಿದ ಮೇಲೆ ಬೇರೆ ರಿಯಾಯಿತಿ ಕೇಳಬಾರದು.

ಗಾಳಿಯನ್ನು ಬಹಳ ಜನ ಮರೆಯುತ್ತಾರೆ. ಕಿಂಡಿ ತೆರೆದರೆ ಒಳಗಿನ ಗಾಳಿ ಹೊರಕ್ಕೆ ಬೀಳುತ್ತದೆ, ಅದಕ್ಕೂ ಗ್ರಾಮಿಗೆ ಅದೇ 27 ಲಕ್ಷ ಯೂನಿಟ್. ಒಳಗೆ ನಿರ್ವಾತವೇ ಇರಬೇಕು. ನಿರ್ವಾತದಲ್ಲಿ ತೆರೆದ ಮೀನಿನ ತೇವವೆಲ್ಲ ಆವಿಯಾಗುವುದರಿಂದ ಉಪ್ಪುನೀರು ತುಂಬಿ ಬಿಗಿಯಾಗಿ ಮುಚ್ಚಿದ ಡಬ್ಬಿ ಬೇಕು. ಡಬ್ಬಿಯನ್ನು ಕಿಂಡಿಯ ಹೊರಕೋಣೆಯಲ್ಲಿಟ್ಟು, ಗಾಳಿ ಹೀರಿದ ಮೇಲೆಯೇ ತೂಗಿ. ಮೊದಲೇ ತೂಗಿದರೆ ಮೇಲಿನ ಬೆವರು ಆರಿ ತೂಕ ಇಳಿದಿರುತ್ತದೆ.

ನಿರ್ವಾತದಲ್ಲಿ ಶಾಖ ಹೊರಹೋಗಲು ವಿಕಿರಣ ಒಂದೇ ದಾರಿ. ಹೊಳೆಯುವ ತಗಡು ಶಾಖವನ್ನು ಹಿಡಿದಿಡುತ್ತದೆ, ಡಬ್ಬಿಗೆ ಮಂಕು ಕಪ್ಪು ಬಣ್ಣ ಬಳಿಯಿರಿ. ಒಂದರ ಮೇಲೊಂದು ಪೇರಿಸಿದರೆ ನಡುವಿನವು ತಣ್ಣಗಾಗುವ ಮೊದಲೇ ಕೆಡುತ್ತವೆ. ಬಿಡಿಬಿಡಿಯಾಗಿಟ್ಟರೂ ಒಂದು ಕೆಜಿಗೆ ಹಲವು ಗಂಟೆ ಹಿಡಿಯುತ್ತದೆ, ಆದ್ದರಿಂದ ಅಗಲವಾದ ತೆಳು ಡಬ್ಬಿಯೇ ಒಳ್ಳೆಯದು.

ಹೊರಗಿನ ತಾಪ ಇಳಿದರೆ ಒಳಗಿನದೂ ಇಳಿಯುತ್ತದೆ. ಹೊರಗೆ 25 ಡಿಗ್ರಿಯಾದ ರಾತ್ರಿ, ಒಳಗೆ ಸೊನ್ನೆಗಿಂತ ನಾಲ್ಕೂವರೆ ಡಿಗ್ರಿ ಕೆಳಗೆ; ಮೀನು ಅರೆಬರೆ ಹೆಪ್ಪುಗಟ್ಟಿ ಮಾಂಸ ಸಡಿಲವಾಗುತ್ತದೆ. 25 ಡಿಗ್ರಿಗೆ ಸರಿಯಾದ ವೇಗ 1.092, 35ಕ್ಕೆ 1.128. ಆದರೆ ಒಳಗೆ ಸರಕು ಇರುವಾಗ ವೇಗದ ಮುಳ್ಳನ್ನು ಮುಟ್ಟಲೇಬೇಡಿ. 0.01ರಷ್ಟು ಏರಿಸಿದರೂ ಕೆಜಿಗೆ ಕೈಗಾದ ಹನ್ನೆರಡು ದಿನದ ವಿದ್ಯುತ್ ಬೇಕು. ಪೆಟ್ಟಿಗೆಯ ಹೊರಗೋಡೆಗೆ ಸುತ್ತ ಸಮುದ್ರದ ನೀರು ಹರಿಸುವುದೇ ಸರಿ, ಅದು ಗಾಳಿಯಷ್ಟು ಏರಿಳಿಯುವುದಿಲ್ಲ.

ತಾಪ ನೋಡಲು ಹೊರಗಿನಿಂದ ಇನ್‌ಫ್ರಾರೆಡ್ ಥರ್ಮಾಮೀಟರ್ ಹಿಡಿದರೆ ಅದು ಸೊನ್ನೆ ಡಿಗ್ರಿಯ ಮೀನನ್ನೂ 30 ಡಿಗ್ರಿ ಎಂದೇ ತೋರಿಸುತ್ತದೆ, ಒಳಗಿನ ಬೆಳಕು ಹೊರಬರುವಾಗ ಅದರ ಕಂಪನವೂ 11 ಶೇಕಡಾ ಏರುವುದರಿಂದ. ಒಳಗೇ ಮುಳ್ಳಿನ ಥರ್ಮಾಮೀಟರ್ ಇಟ್ಟು ಗಾಜಿನ ಮೂಲಕ ಓದಿ.