ಆನೆ ಬದಲಾಯಿಸಿದ ದಿನ

ಚೆಸ್ ಟೂರ್ನಿಯಲ್ಲಿ ಯಾರಿಗೆ ಯಾರು ಎದುರಾಳಿ ಎಂದು ಹೇಳುವ ಪೇರಿಂಗ್ ಪಟ್ಟಿ ಅಂಟಿಸಿದ ಗೋಡೆಯ ಮುಂದೆ ಜನ ಮುತ್ತಿಕೊಂಡಿದ್ದರು. ತಲೆಗಳ ಸಂದಿಯಲ್ಲಿ ಇಣುಕಿ ನನ್ನ ಹೆಸರು ಹುಡುಕಿದೆ. ಎದುರಾಳಿಯ ಹೆಸರಿನ ಹಿಂದೆ ಎರಡೇ ಅಕ್ಷರ: ಜಿಎಂ. ಮೊದಲ ಸುತ್ತಿಗೇ ಗ್ರ್ಯಾಂಡ್‌ಮಾಸ್ಟರ್, ಚೆಸ್‌ನ ಅತಿ ದೊಡ್ಡ ಬಿರುದಿನವರು!

ಇದರಲ್ಲಿ ನನ್ನ ಹೆಚ್ಚುಗಾರಿಕೆ ಏನೂ ಇಲ್ಲ. ಸ್ವಿಸ್ ಪದ್ಧತಿಯ ಓಪನ್ ಟೂರ್ನಿಗಳಲ್ಲಿ ಎಲ್ಲರನ್ನೂ ರೇಟಿಂಗ್ (ಆಟಗಾರನ ಬಲ ಅಳೆಯುವ ಅಂಕ) ಪ್ರಕಾರ ಸಾಲು ಮಾಡಿ, ಆ ಸಾಲನ್ನು ನಡುವೆ ಕತ್ತರಿಸಿ, ಮೇಲಿನ ಅರ್ಧದ ಮೊದಲಿಗರಿಗೆ ಕೆಳಗಿನ ಅರ್ಧದ ಮೊದಲಿಗರನ್ನು ಗಂಟು ಹಾಕುತ್ತಾರೆ. ಹಾಗಾಗಿ ಮೊದಲ ಸುತ್ತು ಅಂದರೆ ದೊಡ್ಡವರಿಗೆ ಕೈ ಬೆಚ್ಚಗೆ ಮಾಡಿಕೊಳ್ಳುವ ಆಟ, ನಮ್ಮಂಥವರಿಗೆ ಫೋಟೊ ತೆಗೆಸಿಕೊಳ್ಳುವ ಆಟ. ನನ್ನ ರೇಟಿಂಗ್ 1640. ಅವರದು 2400ರ ಆಸುಪಾಸು. ಜಿಎಂ ಆಗಬೇಕಾದರೆ 2500 ಮುಟ್ಟಬೇಕು, ಜೊತೆಗೆ ಮೂರು ನಾರ್ಮ್ ಬೇಕು. ಒಂದೊಂದು ನಾರ್ಮ್‌ಗೂ ಒಂದು ಟೂರ್ನಿಯಲ್ಲಿ 2600ರ ಮಟ್ಟದ ಆಟ ಆಡಿ ತೋರಿಸಬೇಕು. ಆದರೆ ಒಮ್ಮೆ ಬಂದ ಬಿರುದು ಕೊನೆಯವರೆಗೂ ಉಳಿಯುತ್ತದೆ, ರೇಟಿಂಗ್ ಮಾತ್ರ ವಯಸ್ಸಿನ ಜೊತೆ ಜಾರುತ್ತದೆ. ಐವತ್ತು ದಾಟಿದವರು, ಇಳಿಗಾಲ, ಒಂದು ಡ್ರಾ ಕಿತ್ತುಕೊಳ್ಳಬಹುದು ಅಂತ ಒಳಗೊಳಗೇ ಲೆಕ್ಕ ಹಾಕಿದೆ.

ಹಿರಿಯ ಗ್ರ್ಯಾಂಡ್‌ಮಾಸ್ಟರ್ ವಿಕ್ಟರ್ ಕೊರ್ಚ್ನಾಯ್ ನೆನಪಾಗಿದ್ದರೆ ಆ ಲೆಕ್ಕಕ್ಕೆ ಕೈ ಹಾಕುತ್ತಿರಲಿಲ್ಲ. 2011ರಲ್ಲಿ ಜಿಬ್ರಾಲ್ಟರ್‌ನಲ್ಲಿ 79 ವರ್ಷದ ಆ ಮುದುಕ 18ರ ಫ್ಯಾಬಿಯಾನೊ ಕರುವಾನಾನನ್ನು ಸೋಲಿಸಿದ್ದರು. ಅದೇ ವರ್ಷ, 80 ತುಂಬಿದ ಮೇಲೆ, ಸ್ವಿಟ್ಜರ್ಲೆಂಡಿನ ರಾಷ್ಟ್ರೀಯ ಚಾಂಪಿಯನ್ ಕೂಡ ಆದರು. ಸೋತ ಹುಡುಗನೇನು ಸಾಮಾನ್ಯನೇ? ನಾಲ್ಕು ವರ್ಷ ಕಳೆಯುವುದರೊಳಗೆ ಸೇಂಟ್ ಲೂಯಿಸ್‌ನ ಸಿಂಕ್‌ಫೀಲ್ಡ್ ಕಪ್‌ನಲ್ಲಿ ಆಗಿನ ವಿಶ್ವ ಚಾಂಪಿಯನ್ ಮ್ಯಾಗ್ನಸ್ ಕಾರ್ಲ್‌ಸನ್‌ರನ್ನೂ ಸೇರಿಸಿ ಸಿಕ್ಕವರನ್ನೆಲ್ಲ ಮಣಿಸಿ, ಮೊದಲ ಏಳೂ ಆಟ ಗೆದ್ದವನು.

ನನಗೆ ಬಿಳಿ ಕಾಯಿ. ಸ್ಲಾವ್ ಎಕ್ಸ್‌ಚೇಂಜ್ ಎಂಬ ಆರಂಭದ ಸಾಲು ಆಡಿದೆ. ಚೆಸ್ ಗೊತ್ತಿರುವವರು ಇಷ್ಟಕ್ಕೇ ನಕ್ಕಿರುತ್ತಾರೆ. ಬಿಳಿ ಕಾಯಿ ಹಿಡಿದು ಆ ಸಾಲು ಆರಿಸಿಕೊಳ್ಳುವವನಿಗೆ ಗೆಲ್ಲುವ ಆಸೆ ಇರುವುದು ಅಪರೂಪ. ನನ್ನದೊಂದು ಕಾಯಿ ಕೊಟ್ಟು ಅವರದೊಂದು ಹೊಡೆದು, ಸಿಕ್ಕಿದ್ದನ್ನೆಲ್ಲ ಬದಲಾಯಿಸುತ್ತಾ ಹೋದೆ. ಒಂದು ಕುದುರೆ ಹೋಯಿತು, ಒಂಟೆಗಳು ಹೋದವು, ಹದಿನೆಂಟನೇ ನಡೆಗೆ ರಾಣಿಯರೂ ಹೋದರು. ಅವರು ಒಂದು ನಡೆ ಆಡುವುದು, ಬರೆದುಕೊಳ್ಳುವುದು, ಪೆನ್ನಿನ ಕ್ಯಾಪ್ ಹಾಕುವುದು, ಎದ್ದು ಹೋಗಿ ಬೇರೆ ಬೋರ್ಡ್ ನೋಡುವುದು. ಪ್ರತಿ ಸಲವೂ ಆ ಕ್ಯಾಪ್ 'ಟಕ್' ಅನ್ನುತ್ತಿತ್ತು. ಮೂವತ್ತನೇ ನಡೆಯಲ್ಲಿ ಧೈರ್ಯ ಮಾಡಿ "ಡ್ರಾ?" ಅಂದೆ. ಮುಖ ಎತ್ತದೆ ಬೇಡವೆಂದು ತಲೆಯಾಡಿಸಿದರು. ಸಿಟ್ಟಿಲ್ಲ, ಅಸಡ್ಡೆಯೂ ಇಲ್ಲ.

ಅಲ್ಲಿಂದ ಮುಂದೆ ಅವರು ಎದ್ದು ಹೋಗಲಿಲ್ಲ.

ಇಬ್ಬರಿಗೂ ಒಂದೊಂದು ಆನೆ, ನಾಲ್ಕು ನಾಲ್ಕು ಪಾನ್ (ಕಾಲಾಳು). ಪುಸ್ತಕದ ಪ್ರಕಾರ ಸಮಸಮ. ಅವರು ಏನೂ ಮಾಡುತ್ತಿಲ್ಲ ಅನ್ನಿಸುತ್ತಿತ್ತು. ಆನೆ ಒಂದು ಮನೆ ಆಚೆ, ಮತ್ತೆ ಈಚೆ. ರಾಜ ಒಂದು ಹೆಜ್ಜೆ ಮುಂದೆ. ಗಡಿಯಾರದಲ್ಲಿ ನಡೆಗೆ ಮೂವತ್ತು ಸೆಕೆಂಡ್ ಸೇರುತ್ತಿತ್ತು, ನಾನು ಆ ಮೂವತ್ತರಲ್ಲೇ ಬದುಕುತ್ತಿದ್ದೆ. ನೀರು ಕುಡಿಯಲು ಬಾಟಲಿ ಎತ್ತಿದರೆ ಕೈ ನಡುಗುತ್ತಿತ್ತು. ನಲವತ್ತೇಳನೇ ನಡೆಯಲ್ಲಿ ಆನೆಗಳನ್ನು ಬದಲಾಯಿಸುವ ಅವಕಾಶ ಕಂಡಿತು. ಬದಲಾಯಿಸಿದರೆ ಬರೀ ರಾಜ, ಪಾನ್. ಇನ್ನೇನಿರುತ್ತದೆ? ಬದಲಾಯಿಸಿದೆ.

ಮೂರು ನಡೆ ಕಳೆದ ಮೇಲೆ ಅರ್ಥವಾಯಿತು. ಅವರ ರಾಜ ನನ್ನ ರಾಜನ ಎದುರು, ನಡುವೆ ಒಂದೇ ಖಾಲಿ ಮನೆ, ಆಡುವ ಸರದಿ ನನ್ನದು. ಪಾನ್ ನಡೆಸಲು ಜಾಗವಿಲ್ಲ. ರಾಜ ಪಕ್ಕಕ್ಕೆ ಸರಿಯಲೇಬೇಕು, ಸರಿದರೆ ಅವರು ಒಳಗೆ. ಐವತ್ಮೂರಕ್ಕೆ ಸೋಲೊಪ್ಪಿ ಕೈ ಕೊಟ್ಟೆ.

ಎರಡನೇ ಸುತ್ತಿಗೆ ಇನ್ನೂ ಹೊತ್ತಿತ್ತು. ಎದ್ದು ಹೋಗುತ್ತಾರೆ ಅಂದುಕೊಂಡರೆ, ಕಾಯಿಗಳನ್ನು ಎತ್ತಿ ನಲವತ್ತೇಳನೇ ನಡೆಯ ಹಿಂದಿನ ಸ್ಥಿತಿಗೇ ಜೋಡಿಸಿದರು. ಸ್ಕೋರ್‌ಶೀಟ್ ಕೂಡ ನೋಡಲಿಲ್ಲ.

"ಆನೆ ಯಾಕೆ ಬದಲಾಯಿಸಿದಿರಿ?"

"ಡ್ರಾ ಆಗುತ್ತೆ ಅಂದುಕೊಂಡೆ ಸರ್."

"ಡ್ರಾ ಆಗುತ್ತೆ ಅಂತಲ್ಲ," ಅಂದರು, "ಮುಗಿಯುತ್ತೆ ಅಂದುಕೊಂಡಿರಿ."

ಆಮೇಲೆ ನನ್ನ ಆನೆಯನ್ನು ಹಿಂದಿನ ಸಾಲಿಗೆ ಎಳೆದು, ಅಲ್ಲಿಂದ ಅವರ ರಾಜನಿಗೆ ಚೆಕ್ ಮೇಲೆ ಚೆಕ್ ಕೊಟ್ಟು ತೋರಿಸಿದರು. ಡ್ರಾ ಅಲ್ಲೇ ಬಿದ್ದಿತ್ತು. ಹತ್ತು ನಿಮಿಷ ಕೂತಿದ್ದೆವು. ಫೋಟೊ ಕೇಳಲು ಮರೆತೇಹೋಯಿತು.

ಇದು 2019ರ ಮಾತು. 'ಮುಗಿಯುತ್ತೆ ಅಂದುಕೊಂಡಿರಿ' ಎಂಬ ಆ ವಾಕ್ಯ ನನ್ನನ್ನು ಮತ್ತೆ ಹಿಡಿದುಕೊಂಡಿದ್ದು 2024ರ ಡಿಸೆಂಬರ್ 12ರಂದು. ಸಿಂಗಪುರದಲ್ಲಿ ವಿಶ್ವ ಚಾಂಪಿಯನ್‌ಶಿಪ್‌ನ ಹದಿನಾಲ್ಕನೇ, ಅಂದರೆ ಕೊನೆಯ ಕ್ಲಾಸಿಕಲ್ ಆಟ. ಆಗಿನ ಚಾಂಪಿಯನ್, ಚೀನಾದ ಡಿಂಗ್ ಲಿರೆನ್ ಮತ್ತು ನಮ್ಮ ಹುಡುಗ ಗುಕೇಶ್ ತಲಾ ಆರೂವರೆ ಅಂಕದಲ್ಲಿದ್ದರು. ಬಿಳಿ ಕಾಯಿ ಡಿಂಗ್‌ದು, ಅವರೂ ಕಾಯಿಗಳನ್ನು ಬದಲಾಯಿಸುತ್ತಲೇ ಬಂದಿದ್ದರು. ಡ್ರಾ ಆದರೆ ಮರುದಿನ ಟೈಬ್ರೇಕ್. ಇಬ್ಬರಿಗೂ ಆನೆ, ಒಂಟೆ. ಗುಕೇಶ್‌ಗೆ ಒಂದು ಪಾನ್ ಹೆಚ್ಚು, ಆದರೆ ಎಲ್ಲ ಪಾನ್‌ಗಳೂ ಒಂದೇ ಪಕ್ಕದಲ್ಲಿ. ಡ್ರಾ ಎಂದೇ ಎಲ್ಲರೂ ತೀರ್ಮಾನಿಸಿದ್ದರು. ನಾನೂ ಫೋನ್ ಮಡಚಿಡುವವನಿದ್ದೆ. ಹುಡುಗ ಮಾತ್ರ ಆಡಿಸುತ್ತಲೇ ಇದ್ದ.

55ನೇ ನಡೆ. ಡಿಂಗ್ ಆನೆಯನ್ನು ಎಫ್2 ಮನೆಗೆ ತಂದು, ಬದಲಾಯಿಸಿಕೋ ಅಂದರು. ನನ್ನ ಹೊಟ್ಟೆಯೊಳಗೆ ಏನೋ ತಿರುಚಿದಂತಾಯಿತು. ಲೆಕ್ಕ ಹಾಕಿ ಅಲ್ಲ, ಅಷ್ಟು ಬುದ್ಧಿ ನನಗಿಲ್ಲ. ಆ ಕೈಯ ಚಲನೆ ಗೊತ್ತಿತ್ತು. ಡಿಂಗ್‌ರ ಒಂಟೆ ಎ8ರ ಮೂಲೆಯಲ್ಲಿತ್ತು. ಆನೆಗಳು ಹೋದ ಮೇಲೆ ಗುಕೇಶ್ ತನ್ನ ಒಂಟೆಯನ್ನು ಡಿ5ಕ್ಕೆ ತಂದರೆ ಡಿಂಗ್‌ರ ಒಂಟೆಗೆ ತಪ್ಪಿಸಿಕೊಳ್ಳುವ ದಾರಿಯೇ ಇಲ್ಲ, ಅದೂ ಬದಲಾಗಲೇಬೇಕು, ಉಳಿಯುವುದು ಬರೀ ರಾಜ ಮತ್ತು ಪಾನ್, ಆಗ ಆ ಒಂದು ಹೆಚ್ಚಿನ ಪಾನೇ ಗೆಲ್ಲಿಸುತ್ತದೆ. ಈ ತಪ್ಪು ತನಗೂ ತಕ್ಷಣ ಹೊಳೆಯಲಿಲ್ಲ ಎಂದು ಗುಕೇಶ್ ಆಮೇಲೆ ಹೇಳಿದರು. ಮೂರೇ ನಡೆ. 58ಕ್ಕೆ ಡಿಂಗ್ ಕೈ ಕೊಟ್ಟರು.

ಹದಿನೆಂಟಕ್ಕೇ ವಿಶ್ವ ಚಾಂಪಿಯನ್; 1985ರಲ್ಲಿ 22ಕ್ಕೆ ಗೆದ್ದಿದ್ದ ಕಾಸ್ಪರೋವ್‌ರ ಅತಿ ಕಿರಿಯ ಚಾಂಪಿಯನ್ ದಾಖಲೆ ಹೋಯಿತು. ಆ ಹುಡುಗ ಕಣ್ಣೀರು ಒರೆಸಿಕೊಳ್ಳುತ್ತಾ ಕಾಯಿಗಳನ್ನು ಒಂದೊಂದಾಗಿ ಮೊದಲ ಜಾಗಕ್ಕೆ ಜೋಡಿಸಿದ್ದನ್ನು ಎಲ್ಲರೂ ನೋಡಿದ್ದೀರಿ. ನನಗೆ ಮಾತ್ರ ಡಿಂಗ್ ಕಡೆಯಿಂದ ಕಣ್ಣು ಕೀಳಲಾಗಲಿಲ್ಲ. 2017–18ರಲ್ಲಿ ಸತತ ನೂರು ಕ್ಲಾಸಿಕಲ್ ಆಟ ಸೋಲದೆ ಆಡಿದ್ದ ಮನುಷ್ಯ ಇವರು. ಆನೆ-ಪಾನ್ ಲೆಕ್ಕ ಇವರಿಗೆ ಯಾರು ಹೇಳಿಕೊಡಬೇಕು? "ಎಳೆ ಮಕ್ಕಳ ತಪ್ಪು" ಎಂದು ಅಂದು ಬರೆದವರೆಲ್ಲ, ತಾಸುಗಟ್ಟಲೆ ಒಂದೇ ಕುರ್ಚಿಯಲ್ಲಿ, ಅದೂ ಹದಿನಾಲ್ಕನೇ ಸಲ, ಕೂತು ನೋಡಬೇಕಿತ್ತು. ಇಲ್ಲಿ ದಣಿವೂ ಒಂದು ಕಾಯಿ. 2021ರಲ್ಲಿ ದುಬೈನ ವಿಶ್ವ ಚಾಂಪಿಯನ್‌ಶಿಪ್‌ನಲ್ಲಿ ಕಾರ್ಲ್‌ಸನ್ ನೆಪೊಮ್ನಿಯಾಚಿ ವಿರುದ್ಧ ಆರನೇ ಆಟವನ್ನು 136 ನಡೆ, ಏಳೂಮುಕ್ಕಾಲು ತಾಸು ಎಳೆದು ಗೆದ್ದರು. ಅಲ್ಲಿಯವರೆಗೆ ಐದೂ ಡ್ರಾ. ಅದಾದ ಮೇಲೆ ನೆಪೊಮ್ನಿಯಾಚಿ ಚೇತರಿಸಿಕೊಳ್ಳಲೇ ಇಲ್ಲ.

ಕಳೆದ ವರ್ಷ ಇನ್ನೊಂದು ಓಪನ್‌ಗೆ ಹೋಗಿದ್ದೆ. ಕೊನೆಯ ಸುತ್ತಿನಲ್ಲಿ ಹನ್ನೊಂದು ವರ್ಷದ ಒಬ್ಬ ಹುಡುಗ, ಕಾಲು ನೆಲಕ್ಕೆ ತಾಗುತ್ತಿರಲಿಲ್ಲ. ಆನೆ ಆಟಕ್ಕೇ ಬಂತು, ನನ್ನದು ಕೂದಲೆಳೆಯಷ್ಟು ಮೇಲು. ಡ್ರಾ ಕೇಳಿದ. ಮುಖ ಎತ್ತದೆ ತಲೆಯಾಡಿಸಿದೆ; ನಿಜ ಹೇಳಬೇಕೆಂದರೆ, ಪೆನ್ನಿಗೆ ಕ್ಯಾಪ್ ಕೂಡ ಹಾಕಿದೆ. ಆನೆ ಆಚೆ, ಈಚೆ, ರಾಜ ಒಂದು ಹೆಜ್ಜೆ ಮುಂದೆ. ಅರವತ್ತನೇ ನಡೆಯಲ್ಲಿ ಆನೆ ಬದಲಾಯಿಸಲು ದಾರಿ ತೆರೆದಿಟ್ಟು ಕಾದೆ.

ಹುಡುಗ ಬೋರ್ಡ್ ನೋಡಿದ, ನನ್ನನ್ನು ನೋಡಿದ, ಆನೆಯನ್ನು ಹಿಂದಿನ ಸಾಲಿಗೆ ಎಳೆದ. ಅಲ್ಲಿಂದ ಚೆಕ್ ಮೇಲೆ ಚೆಕ್. ಎಪ್ಪತ್ತೆಂಟಕ್ಕೆ ಡ್ರಾ ಕೇಳಿದವನು ನಾನೇ.