ಇಸ್ತ್ರಿಪೆಟ್ಟಿಗೆ ಇಟ್ಟ ರಾಕೆಟ್ಟು

ಅಮ್ಮ ಮ್ಯೂನಿಕ್‌ಗೆ ಬಂದು ಎರಡು ವಾರ ಆಗಿತ್ತು. ಹೊರಗೆ ಒಂದೇ ಸಮ ಮಳೆ. ಕೆಳಮನೆಯ ಅಜ್ಜಿ ಕಾಫಿಗೆ ಕರೆದು, ತಾವು ಚಿಕ್ಕಂದಿನಲ್ಲಿ ನೋಡಿದ ಟಿವಿ ಧಾರಾವಾಹಿ ಹಾಕಿದರು. 1966ರ ‘ರೌಮ್‌ಪಟ್ರುಲ್ಯೆ’, ಬಾಹ್ಯಾಕಾಶದ ಕಥೆ. ಕಪ್ಪು ಬಿಳುಪು, ಒಟ್ಟು ಏಳೇ ಕಂತು. ಅಮ್ಮನಿಗೆ ಜರ್ಮನ್ ಒಂದಕ್ಷರವೂ ಬರಲ್ಲ. ಆದರೂ ಸ್ವಲ್ಪ ಹೊತ್ತಿಗೇ ನನ್ನನ್ನು ಮೊಣಕೈಯಿಂದ ತಿವಿದಳು. “ಲೋ, ಆ ರಾಕೆಟ್ಟಿನೊಳಗೆ ಇರೋದು ಇಸ್ತ್ರಿಪೆಟ್ಟಿಗೆ ಅಲ್ವೇನೋ?”

ಅಜ್ಜಿಗೆ ಹೇಳಿದರೆ ಬಿದ್ದು ಬಿದ್ದು ನಕ್ಕರು. ಇಸ್ತ್ರಿಪೆಟ್ಟಿಗೆಯೇ! ಕೈಯಲ್ಲಿ ದುಡ್ಡಿರಲಿಲ್ಲ. ಪೆನ್ಸಿಲ್ ಮೆಂಡರ್, ನಲ್ಲಿ, ಸಿಕ್ಕಿದ್ದನ್ನೆಲ್ಲ ಜೋಡಿಸಿ ರಾಕೆಟ್ಟು ಮಾಡಿದ್ದರು. ಮಾಡಿದವರು ರೋಲ್ಫ್ ತ್ಸೇಹೆಟ್‌ಬೌವರ್. 1929ರಲ್ಲಿ ಇದೇ ಮ್ಯೂನಿಕ್‌ನಲ್ಲಿ ಹುಟ್ಟಿದವರು, 2022ರಲ್ಲಿ ತೀರಿಕೊಂಡರು. ನಾವು ಕಲಾ ನಿರ್ದೇಶಕ ಅನ್ನುತ್ತೇವಲ್ಲ, ಅದೇ ಕೆಲಸ. ಅಮ್ಮನ ಬಾಯಲ್ಲಿ ಆ ಹೆಸರು ಹೊರಳಲಿಲ್ಲ. ಅವಳಿಗೆ ಅವರು ‘ಇಸ್ತ್ರಿಪೆಟ್ಟಿಗೆಯವನು’.

ಇಸ್ತ್ರಿಪೆಟ್ಟಿಗೆಯವರಿಗೆ ಮುಂದೆ ಆಸ್ಕರ್ ಬಂತು. 1972ರ ‘ಕ್ಯಾಬರೆ’ ಚಿತ್ರಕ್ಕೆ, ಇನ್ನಿಬ್ಬರ ಜೊತೆ. ಕಥೆ ಬರ್ಲಿನ್‌ನದು, ಆದರೆ ಅದರಲ್ಲಿ ಬರುವ ನೈಟ್‌ಕ್ಲಬ್ ಎದ್ದು ನಿಂತಿದ್ದು ನಮ್ಮೂರ ಪಕ್ಕದ ಗೈಸೆಲ್‌ಗಾಸ್ಟೈಗ್‌ನ ಬವಾರಿಯಾ ಸ್ಟುಡಿಯೋದಲ್ಲಿ. ಸ್ವೀಡನ್ನಿನ ನಿರ್ದೇಶಕ ಬರ್ಗ್‌ಮನ್ ತಮ್ಮ 1977ರ ಸಿನಿಮಾಗೆ ಕೇಳಿದಾಗ ಅಲ್ಲೇ ಒಂದು ಇಡೀ ಬರ್ಲಿನ್ ಬೀದಿ ಕಟ್ಟಿಕೊಟ್ಟರು. ಆಮೇಲೆ ಜರ್ಮನ್ ನಿರ್ದೇಶಕ ಫಾಸ್‌ಬಿಂಡರ್ ಕೂಡ ತಮ್ಮ ಧಾರಾವಾಹಿಗೆ ಅದೇ ಬೀದಿ ಬಳಸಿಕೊಂಡರು.

ಆಸ್ಕರ್ ಇರಲಿ. ನನ್ನ ಕೇಳಿದರೆ ಇಸ್ತ್ರಿಪೆಟ್ಟಿಗೆಯವರ ದೊಡ್ಡ ಕೆಲಸ 1981ರ ‘ದಾಸ್ ಬೋಟ್’, ಯುದ್ಧಕಾಲದ ಒಂದು ಜಲಾಂತರ್ಗಾಮಿಯ ಸಿನಿಮಾ. ಆ ಜಲಾಂತರ್ಗಾಮಿಯ ಒಳಭಾಗ ಈಗಲೂ ಸ್ಟುಡಿಯೋದಲ್ಲಿದೆ, ಟಿಕೆಟ್ ತಗೊಂಡು ಹೋಗಬಹುದು. ಮುಂದಿನ ಶನಿವಾರ 25ನೇ ನಂಬರ್ ಟ್ರಾಮ್ ಹತ್ತಿ ಹೊರಟೆವು.

ಒಳಗೆ ಕಾಲಿಟ್ಟ ಕೂಡಲೇ ಉಸಿರು ಕಟ್ಟಿದ ಹಾಗಾಯಿತು. ನಮ್ಮ ರೈಲಿನ ಸ್ಲೀಪರ್ ಬೋಗಿಗಿಂತ ಇಕ್ಕಟ್ಟು. ಎರಡೂ ಕಡೆ ಮಲಗುವ ಹಲಗೆ, ತಲೆಯ ಮೇಲೆಲ್ಲ ಪೈಪು. ಒಂದು ಕೋಣೆಯಿಂದ ಇನ್ನೊಂದಕ್ಕೆ ಹೋಗಬೇಕಂದರೆ ದುಂಡನೆಯ ಕಿಂಡಿಯಲ್ಲಿ ತೂರಬೇಕು. ನಾನು ಹಣೆ ಬಡಿಸಿಕೊಂಡೆ. ಶೂಟಿಂಗ್‌ನಲ್ಲಿ ಛಾಯಾಗ್ರಾಹಕ ಯೋಸ್ಟ್ ವಕಾನೊ ಕ್ಯಾಮೆರಾ ಕೈಯಲ್ಲಿ ಹಿಡಿದು ನಟರ ಹಿಂದೆ ಇಂಥ ಕಿಂಡಿಗಳಲ್ಲೇ ಓಡಿದ್ದರು! ಜೊತೆಗೆ ಇಡೀ ಸೆಟ್ಟನ್ನೇ ಯಂತ್ರದ ಮೇಲೆ ಕೂರಿಸಿ, ಸಮುದ್ರದಲ್ಲಿದ್ದ ಹಾಗೆ ಅಲ್ಲಾಡಿಸುತ್ತಿದ್ದರಂತೆ. ನಟರ ಮುಖದಲ್ಲಿ ಕಂಡ ಸುಸ್ತು ಎಲ್ಲವೂ ನಟನೆಯಲ್ಲ ಅಂತ ನನಗೆ ಗಟ್ಟಿ ಅನುಮಾನ.

ಹಿಂದೆ ತಿರುಗಿದರೆ ಅಮ್ಮ ಇಲ್ಲ. ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು ಒಂದು ಕೆಂಪು ಚಕ್ರದ ಮುಂದೆ ನಿಂತುಬಿಟ್ಟಿದ್ದಳು. ಬೆರಳಿನಿಂದ ಟಣ್ ಅಂತ ತಟ್ಟಿ ಕೇಳಿದಳು: “ಇದು ಕಬ್ಬಿಣವೇನೋ, ಇಲ್ಲ ಇಲ್ಲೂ ಮೋಸವೋ?”

ಹಿಂದೆ ಜನ ಕಾಯುತ್ತಿದ್ದರು. ಅವಳು ಮಾತ್ರ ಬಾಗಿಲು ಸಿಗುವವರೆಗೂ ಒಂದೊಂದನ್ನೇ ತಟ್ಟಿ ನೋಡುತ್ತಲೇ ಬಂದಳು.