ಗುರು ಇಲ್ಲದೆ ಗೋಲ್ಡನ್ ಡಾನ್

ಸೆರಮೋನಿಯಲ್ ಮ್ಯಾಜಿಕ್, ಅಂದರೆ ವಿಧಿವಿಧಾನಗಳ ಮೂಲಕ ಮಾಡುವ ಪಾಶ್ಚಾತ್ಯ ಗೂಢಸಾಧನೆ ಕಲಿಯಬೇಕು, ಹೇಳಿಕೊಡುವವರು ಯಾರೂ ಇಲ್ಲ ಅನ್ನುವವರಿಗೆ ನಾನು ಹೇಳುವುದು ಇಷ್ಟೇ. ಪೆಂಟಗ್ರಾಂ (ಐದು ಮೂಲೆಯ ನಕ್ಷತ್ರ) ರಿಚುವಲ್ ಒಂದನ್ನೇ ಹಿಡಿದುಕೊಳ್ಳಿ, ಉಳಿದದ್ದನ್ನು ಸದ್ಯಕ್ಕೆ ಮುಟ್ಟಬೇಡಿ. ಯಾರಿಗೋ ಮಾಟ ಮಾಡಿಸುವ ಆಸೆ ಇದ್ದರೆ ಇದು ನಿಮಗಲ್ಲ ಬಿಡಿ.

ಇದು ಗೋಲ್ಡನ್ ಡಾನ್ ಅನ್ನುವ ಗುಪ್ತ ಸಂಘದ ಪದ್ಧತಿ. 1888ರಲ್ಲಿ ಲಂಡನ್ನಿನಲ್ಲಿ ಶುರುವಾಯಿತು, ಕವಿ ಯೇಟ್ಸ್ ಕೂಡ ಅದರಲ್ಲಿದ್ದರು. ಗುಟ್ಟು ಬಿಡುವುದಿಲ್ಲ ಅಂತ ಪ್ರಮಾಣ ಮಾಡಿಸಿಯೇ ಒಳಗೆ ಸೇರಿಸುತ್ತಿದ್ದರು. 1937ರಿಂದ, ಆ ಪರಂಪರೆಯದೇ ಒಂದು ಗುಂಪಿನಲ್ಲಿದ್ದ ಇಸ್ರೇಲ್ ರೆಗಾರ್ಡಿ ಆ ರಿಚುವಲ್‌ಗಳನ್ನು ಅಚ್ಚು ಹಾಕಿಸಿದರು, ಅದಕ್ಕೆ ಬೈಗುಳವನ್ನೂ ತಿಂದರು. ಅವರು ಹಾಗೆ ಮಾಡಿದ್ದರಿಂದಲೇ ನಮ್ಮಂಥ ಒಂಟಿಗಳಿಗೆ ದಾರಿ ಸಿಕ್ಕಿತು, ಅಲ್ವಾ?

ಪೂರ್ವಕ್ಕೆ ಮುಖ ಮಾಡಿ ನಿಲ್ಲಬೇಕು. ಹಣೆ ಮುಟ್ಟಿ 'ಅತಾ', ಕೈ ಕೆಳಗೆ ತಂದು 'ಮಲ್ಕುತ್', ಬಲ ಭುಜಕ್ಕೆ 'ವೆ-ಗೆಬುರಾ', ಎಡ ಭುಜಕ್ಕೆ 'ವೆ-ಗೆದುಲಾ'. ರಾಜ್ಯವೂ ಬಲವೂ ಮಹಿಮೆಯೂ ನಿನ್ನದೇ ಅನ್ನುವ ಕ್ರೈಸ್ತ ಪ್ರಾರ್ಥನೆಯ ಕೊನೆಯೇ ಇದು, ಹೀಬ್ರೂವಿನಲ್ಲಿ. ಆಮೇಲೆ ಪೂರ್ವ, ದಕ್ಷಿಣ, ಪಶ್ಚಿಮ, ಉತ್ತರ ಅಂತ ಸುತ್ತುತ್ತಾ ಪ್ರತಿ ದಿಕ್ಕಿಗೂ ಗಾಳಿಯಲ್ಲಿ ಐದು ಮೂಲೆಯ ನಕ್ಷತ್ರ ಬರೆದು ದೇವರ ಒಂದೊಂದು ಹೆಸರು ಹೇಳಬೇಕು. ಎಡಗಡೆಯ ಕೆಳಮೂಲೆಯಿಂದ ಮೇಲಕ್ಕೆ ಗೆರೆ ಎಳೆದು ಶುರು ಮಾಡುವುದು. ಕೊನೆಗೆ ಮುಂದೆ ರಾಫೆಲ್, ಹಿಂದೆ ಗೇಬ್ರಿಯಲ್, ಬಲಕ್ಕೆ ಮೈಕೆಲ್, ಎಡಕ್ಕೆ ಔರಿಯೆಲ್, ಹೀಗೆ ನಾಲ್ವರು ದೇವದೂತರು ನಿಂತಿದ್ದಾರೆ ಅಂತ ಕಲ್ಪಿಸಿಕೊಳ್ಳಬೇಕು. ಪೂಜೆಗೆ ಮೊದಲು ದಿಗ್ಬಂಧನ ಮಾಡಿ ಗೊತ್ತಿದ್ದವರಿಗೆ ಇದರ ಉದ್ದೇಶ ಥಟ್ಟನೆ ಹೊಳೆಯುತ್ತದೆ. ಹಾಗಂತ ಹೀಬ್ರೂ ಹೆಸರು ತೆಗೆದು ಇಂದ್ರ, ಯಮ, ವರುಣರನ್ನು ಕೂರಿಸಬೇಡಿ. ಇದಕ್ಕೆ ಆಧಾರವಾದ ಕಬಾಲಾ ಅನ್ನುವ ಯೆಹೂದಿ ಗೂಢವಿದ್ಯೆಯ ಲೆಕ್ಕಾಚಾರವೆಲ್ಲ ಆ ಹೆಸರುಗಳ ಮೇಲೇ ನಿಂತಿದೆ.

(ಕೊಡುಕೊಳ್ಳುವುದು ಆಗಿಲ್ಲ ಅಂತಲ್ಲ. ಪೃಥ್ವಿಗೆ ಹಳದಿ ಚೌಕ, ತೇಜಸ್ಸಿಗೆ ಕೆಂಪು ತ್ರಿಕೋನ, ಹೀಗೆ ನಮ್ಮ ತತ್ತ್ವಗಳ ಚಿತ್ರವನ್ನು ಗೋಲ್ಡನ್ ಡಾನ್‌ನವರು ಕಾರ್ಡಿನಲ್ಲಿ ಬರೆದು ದಿಟ್ಟಿಸಿ ನೋಡುತ್ತಿದ್ದರು. ಥಿಯೋಸಾಫಿಕಲ್ ಸೊಸೈಟಿಯವರ ಮೂಲಕ ಹೋದದ್ದು.)

ದೀಕ್ಷೆ ಮಾತ್ರ ಒಬ್ಬರಿಂದ ಆಗುವ ಕೆಲಸವಲ್ಲ. ಮೊದಲ ಮೆಟ್ಟಿಲಿನ ನಿಯೋಫೈಟ್ ದೀಕ್ಷೆಯಲ್ಲಿ ಕಣ್ಣಿಗೆ ಬಟ್ಟೆ ಕಟ್ಟಿ, ಸೊಂಟಕ್ಕೆ ಹಗ್ಗ ಸುತ್ತಿ, ಹಲವರು ಸೇರಿ ನಿಮ್ಮನ್ನು ಕತ್ತಲಿಂದ ಬೆಳಕಿಗೆ ನಡೆಸುತ್ತಾರೆ. ನಮಗೆ ನಾವೇ ದೀಕ್ಷೆ ಕೊಟ್ಟುಕೊಳ್ಳುವ ಪುಸ್ತಕಗಳೂ ಇವೆ. ಆದರೆ ಮುಂದೇನು ಅಂತ ಮೊದಲೇ ಓದಿಕೊಂಡು ಮಾಡುವ ದೀಕ್ಷೆ ನನಗೆ ಸಪ್ಪೆ ಅನ್ನಿಸುತ್ತದೆ. ಪೆಂಟಗ್ರಾಂ ರಿಚುವಲ್‌ಗೆ ಆ ತಾಪತ್ರಯ ಇಲ್ಲ.

ಹೆಸರುಗಳನ್ನು ಎದೆ ನಡುಗುವಂತೆ ಎಳೆದು ಹೇಳಬೇಕು ಅನ್ನುತ್ತಾರೆ. ಅಪಾರ್ಟ್‌ಮೆಂಟಿನಲ್ಲಿ ಪಕ್ಕದ ಮನೆಯವರು ಬಾಗಿಲು ತಟ್ಟುತ್ತಾರೆ ಅಂತಾದರೆ ಮನಸ್ಸಿನಲ್ಲೇ ಹೇಳಿಕೊಳ್ಳಿ, ನಡೆಯುತ್ತದೆ. ಮುಗಿದ ತಕ್ಷಣ ಡೈರಿಯಲ್ಲಿ ಎರಡು ಸಾಲು ಬರೆಯಿರಿ. ಏನೂ ಅನ್ನಿಸದಿದ್ದರೆ ಏನೂ ಅನ್ನಿಸಲಿಲ್ಲ ಅಂತಲೇ ಬರೆಯಿರಿ, ಸುಮ್ನೆ ದೇವದೂತರನ್ನು ಕಂಡೆ ಅಂತ ಬರೆಯಬೇಡಿ.